ಟ್ರಿನಿಡಾಡಿನ ಬ್ರೆಡ್ಡು, ತಿಪಟೂರಿನ ಕೈ

ಅಮೆರಿಕಕ್ಕೆ ಹೋಗಿ ಬಂದವರನ್ನು ಊರಿನ ಜನ ಮೊದಲು ಕೇಳುವುದು ಏನೇನು ನೋಡಿದಿರಿ ಎಂದು. ನನ್ನನ್ನೂ ಕೇಳಿದರು. ನಯಾಗರ ನೋಡಲಿಲ್ಲ, ನ್ಯೂಯಾರ್ಕ್ ನೋಡಲಿಲ್ಲ, ಕಾರು ಹತ್ತಿದರೆ ತಾಸಿನಲ್ಲಿ ಸಿಗುವ ವಾಷಿಂಗ್ಟನ್ನಿನ ಬಿಳಿ ಮನೆಯನ್ನೂ ನೋಡಲಿಲ್ಲ ಎಂದಾಗ ಕೇಳಿದವರ ಮುಖ ಸಪ್ಪಗಾಯಿತು. ನಾನು ನೋಡಿದ್ದು ಅಡುಗೆಮನೆಗಳನ್ನು. ಒಂದು ಓವನ್ನಿನ ಗಾಜಿನ ಬಾಗಿಲೊಳಗೆ ನಾನು ಕಣ್ಣು ನೆಟ್ಟು ಕೂತಷ್ಟು ಹೊತ್ತು ಯಾವ ಪ್ರವಾಸಿಯೂ ಯಾವ ಜಲಪಾತವನ್ನೂ ನೋಡಿರಲಾರ.

ಆಶ್‌ಬರ್ನ್

ತಿಪಟೂರಿನಲ್ಲಿ ನಮ್ಮದು ತೆಂಗಿನಕಾಯಿ, ಕೊಬ್ಬರಿಯ ಮಂಡಿ. ಒಬ್ಬಳೇ ತಂಗಿ ಗೀತಾ ವರ್ಜೀನಿಯಾದ ಆಶ್‌ಬರ್ನ್ ಸೇರಿ ವರ್ಷಗಳಾಗಿದ್ದರೂ ನಾನು ಅತ್ತ ತಲೆ ಹಾಕಿರಲಿಲ್ಲ. ಹೋಗಬೇಕಾಗಿ ಬಂದದ್ದು ಅವಳಿಗೆ ಕ್ಯಾನ್ಸರ್ ಎಂದು ಗೊತ್ತಾದಾಗ. ಆಪರೇಷನ್ ಮುಗಿದು ಕೀಮೋ ನಡೆಯುತ್ತಿತ್ತು. ಕೊರೊನಾದ ದೊಡ್ಡ ಗಲಾಟೆ ಇಳಿದು ಜನ ಮತ್ತೆ ವಿಮಾನ ಹತ್ತತೊಡಗಿದ್ದ ಕಾಲ. ನಿಜಕ್ಕೂ ಹೋಗಬೇಕಾಗಿದ್ದವಳು ನನ್ನ ಹೆಂಡತಿ ಶಾಂತಾ. ಆದರೆ ಅವಳ ವೀಸಾ ಸಂದರ್ಶನ ಮುಂದೆ ಮುಂದೆ ಹೋಗುತ್ತಲೇ ಇತ್ತು. ನನ್ನ ಹತ್ತಿರ, ತೆಂಗಿನ ನಾರಿನ ವ್ಯಾಪಾರ ಕುದುರಬಹುದೆಂದು ಹಿಂದೆ ಮಾಡಿಸಿಟ್ಟ ವೀಸಾ ಒಂದು ಸುಮ್ಮನೆ ಬಿದ್ದಿತ್ತು. ಹೀಗಾಗಿ ಅಡುಗೆ ಬಲ್ಲವಳು ಊರಿನಲ್ಲಿ ಉಳಿದು, ತಿನ್ನುವುದೊಂದನ್ನೇ ಬಲ್ಲವನು ವಿಮಾನ ಹತ್ತಿದ.

ಸೂಟ್‌ಕೇಸಿನ ತುಂಬ ತವರನ್ನೇ ತುಂಬಿಕೊಂಡು ಹೋಗಿದ್ದೆ. ಚಟ್ನಿಪುಡಿ, ಸಾರಿನ ಪುಡಿ, ಹುಣಸೆ ಗೊಜ್ಜು, ಕೊಬ್ಬರಿ ಮಿಠಾಯಿ. ವಾಷಿಂಗ್ಟನ್ನಿನ ಡಲ್ಲಸ್ ವಿಮಾನ ನಿಲ್ದಾಣಕ್ಕೆ ಗೀತಾಳ ಗಂಡ ಸುರೇಶ ಬಂದಿದ್ದ. ಡೇಟಾ ಸೆಂಟರಿನಲ್ಲಿ ಕೆಲಸ, ಮಾತು ಕಡಿಮೆ. ದಾರಿಯಲ್ಲಿ ಕಿಟಕಿಯೇ ಇಲ್ಲದ ದೊಡ್ಡ ದೊಡ್ಡ ಕಟ್ಟಡಗಳನ್ನು ತೋರಿಸಿ, ಜಗತ್ತಿನ ಇಂಟರ್ನೆಟ್ಟೆಲ್ಲ ಇಲ್ಲೇ ಕೂತಿದೆ ಭಾವ ಎಂದ. ನಮ್ಮ ಕೊಬ್ಬರಿ ಗೋದಾಮುಗಳಿಗೂ ಇಷ್ಟು ದೊಡ್ಡ ಗೋಡೆ ಇಲ್ಲ ಎಂದೆ. ಅವನು ನಗಲಿಲ್ಲ. ಆಮೇಲೆ ನಿಧಾನವಾಗಿ ಹೇಳಿದ, ಗೀತಾಳ ತೂಕ ಇಳಿಯುತ್ತಲೇ ಇದೆ, ಇನ್ನೂ ಇಳಿದರೆ ಚಿಕಿತ್ಸೆಯನ್ನು ಅರ್ಧಕ್ಕೆ ನಿಲ್ಲಿಸಬೇಕಾಗುತ್ತದೆ ಎಂದು ಡಾಕ್ಟರು ಎಚ್ಚರಿಸಿದ್ದಾರಂತೆ.

ಬಾಗಿಲು ತೆರೆದವಳು ಗೀತಾಳೇ. ತಲೆಗೆ ಉಲ್ಲನ್ ಟೋಪಿ, ಕೊರಳಿನ ಮೂಳೆ ಎದ್ದು ಕಾಣುತ್ತಿತ್ತು. ಹುಣಸೆ ಗೊಜ್ಜಿನ ಡಬ್ಬಿ ತೆರೆದು ಅವಳ ಮೂಗಿನ ಹತ್ತಿರ ಹಿಡಿದೆ. ಒಂದು ಚೂರು ನಾಲಿಗೆಗೆ ಹಾಕಿಕೊಂಡು, ಬಾಯಲ್ಲಿ ತುಕ್ಕು ಹಿಡಿದ ಮೊಳೆ ಇಟ್ಟುಕೊಂಡ ಹಾಗಾಗುತ್ತದೆ, ಎಲ್ಲವೂ ಹೀಗೇ ಎಂದಳು. ಆಸೆಪಟ್ಟು ಹೊತ್ತು ತಂದದ್ದೆಲ್ಲ ಕಪಾಟು ಸೇರಿತು.

ಆಶ್‌ಬರ್ನಿನ ಕನ್ನಡದವರನ್ನು ಮೆಚ್ಚಲೇಬೇಕು. ಸರದಿ ಹಾಕಿಕೊಂಡು ದಿನಕ್ಕೊಬ್ಬರ ಮನೆಯಿಂದ ಊಟ ಬರುತ್ತಿತ್ತು. ಬಿಸಿಬೇಳೆಬಾತು, ಮೆಂತ್ಯದ ದೋಸೆ, ತಿಳಿಸಾರು. ತಂದವರು ಮಾಸ್ಕ್ ಹಾಕಿಕೊಂಡು ದೂರದಲ್ಲಿ ಕೂತು, ಸ್ವಲ್ಪ ತಿನ್ನಿ ಗೀತಾ, ಇನ್ನೊಂದೇ ತುತ್ತು ಎಂದು ಉಪಚಾರ ಮಾಡುತ್ತಿದ್ದರು. ಅವರು ಹೋದ ಮೇಲೆ ಆ ಕೆಲಸ ನನ್ನದು. ಕುರ್ಚಿ ಎಳೆದುಕೊಂಡು ಅವಳ ಎದುರಿಗೇ ಕೂರುತ್ತಿದ್ದೆ. ನಮ್ಮ ಕಡೆ ಕಾಯಿಲೆಯವರನ್ನು ಊಟದ ಹೊತ್ತಿನಲ್ಲಿ ಒಂಟಿಯಾಗಿ ಬಿಡುವುದುಂಟೆ? ಎದುರಿಗೆ ಕೂತು, ಬಾಯಿಗೆ ಹೋದದ್ದು ಎಷ್ಟು, ತಟ್ಟೆಯಲ್ಲಿ ಉಳಿದದ್ದು ಎಷ್ಟು ಎಂದು ನೋಡುವುದೇ ಅಕ್ಕರೆ. ಗೀತಾ ಎರಡು ತುತ್ತು ತಿಂದು ತಟ್ಟೆ ಸರಿಸುತ್ತಿದ್ದಳು.

ಪಕ್ಕದ ಮನೆ

ದಿನಾ ಸ್ವಲ್ಪ ನಡೆಯಬೇಕೆಂದು ಡಾಕ್ಟರು ಹೇಳಿದ್ದರು. ಮಧ್ಯಾಹ್ನ ಗೀತಾ ಕೋಟು ತೊಟ್ಟು ಹೊರಡುತ್ತಿದ್ದಳು, ನಾನು ಜೊತೆಗೆ ಬರುತ್ತೇನೆಂದರೆ ಬೇಡ ಎನ್ನುತ್ತಿದ್ದಳು. ಒಂದು ದಿನ ಮಫ್ಲರ್ ಮರೆತು ಹೋದಳೆಂದು ಹಿಂದೆಯೇ ಹೋದೆ. ಅವಳ ನಡಿಗೆ ಮುಗಿದದ್ದು ಪಕ್ಕದ ಮನೆಯ ಮೆಟ್ಟಿಲಿನಲ್ಲಿ. ಅಲ್ಲಿನ ಮನೆಗಳು ರೈಲು ಡಬ್ಬಿಗಳ ಹಾಗೆ ಒಂದಕ್ಕೊಂದು ಅಂಟಿಕೊಂಡಿರುತ್ತವೆ. ಕಿಟಕಿಯಿಂದ ಕಂಡದ್ದು ನನ್ನ ತಂಗಿ, ಯಾರದೋ ಅಡುಗೆಮನೆಯ ಮೇಜಿನ ಮುಂದೆ ಕೂತು, ಬೆಣ್ಣೆ ಹಚ್ಚಿದ ದಪ್ಪ ಬ್ರೆಡ್ಡಿನ ತುಂಡನ್ನು ತಿನ್ನುತ್ತಿದ್ದಳು. ಯಾರೂ ಒತ್ತಾಯ ಮಾಡದೆ ತಿನ್ನುತ್ತಿದ್ದಳು.

ಸಂತೋಷವಾಗಬೇಕಿತ್ತು. ಆದರೆ ನನಗೆ ಮೊದಲು ಆದದ್ದು ಹೊಟ್ಟೆಕಿಚ್ಚು. ಸಾವಿರಾರು ಮೈಲಿ ಹೊತ್ತು ತಂದ ಗೊಜ್ಜು ಕಪಾಟಿನಲ್ಲಿ ಕೂತಿದೆ, ಇವಳಿಗೆ ಪಕ್ಕದ ಮನೆಯ ಬ್ರೆಡ್ಡು ರುಚಿಸುತ್ತದೆ!

ಆ ಮನೆಯೊಡತಿ ಮಾರ್ಲೀನ್. ಟ್ರಿನಿಡಾಡ್ ದ್ವೀಪದವರು, ಶಾಲೆಯ ಬಸ್ಸು ಓಡಿಸಿ ನಿವೃತ್ತರಾದವರು, ನನಗಿಂತ ಹಿರಿಯರು. ಬಾಗಿಲಲ್ಲಿ ನಿಂತಿದ್ದ ನನ್ನನ್ನು ಬ್ರದರ್ ಎಂದು ಕರೆದು ಒಳಗೆ ಕೂರಿಸಿ ನನಗೂ ಒಂದು ತುಂಡು ಕೊಟ್ಟರು. ಬಾಯಿಗಿಟ್ಟರೆ ತೆಂಗಿನಕಾಯಿ. ಅವರು ಅದನ್ನು ಕೋಕನಟ್ ಬೇಕ್ ಎನ್ನುತ್ತಾರೆ. ಹುಳಿ ಬರಿಸುವ ರಗಳೆ ಇಲ್ಲ, ಮೊಟ್ಟೆ ಇಲ್ಲ. ಮೈದಾ, ಬೆಣ್ಣೆ, ತೆಂಗಿನ ತುರಿ, ತೆಂಗಿನ ಹಾಲು, ಚಿಟಿಕೆ ಸಕ್ಕರೆ, ಉಪ್ಪು, ಬೇಕಿಂಗ್ ಪೌಡರ್. ಅವರ ಅಜ್ಜಿ ದಪ್ಪ ತಳದ ಪಾತ್ರೆಯಲ್ಲಿಟ್ಟು, ಕೆಳಗೂ ಕೆಂಡ, ಮುಚ್ಚಳದ ಮೇಲೂ ಕೆಂಡ ಹಾಕಿ ಸುಡುತ್ತಿದ್ದರಂತೆ. ಭಾನುವಾರ ಬೆಳಿಗ್ಗೆ ಮನೆಯವರೆಲ್ಲ ಕೂತು ತಿನ್ನುವ ಹಬ್ಬದ ತಿಂಡಿ ಅದು.

ನಮ್ಮ ಊರಿನಲ್ಲಿ ಬ್ರೆಡ್ಡು ಎಂದರೆ ಜ್ವರದವರ ಆಹಾರ. ಆಸ್ಪತ್ರೆಗೆ ನೋಡಲು ಹೋಗುವವರ ಕೈಯಲ್ಲಿ ಒಂದು ಪೌಂಡು ಬ್ರೆಡ್ಡು, ನಾಲ್ಕು ಮೋಸಂಬಿ ಇರಲೇಬೇಕು. ಗಟ್ಟಿಮುಟ್ಟಾದವನು ಮನೆಯಲ್ಲಿ ಬ್ರೆಡ್ಡು ತಿನ್ನುತ್ತಿದ್ದರೆ ಏನಾಯ್ತೋ ಎಂದು ಕೇಳುತ್ತಾರೆ. ಇದನ್ನು ನನ್ನ ಮಂಡಿ ಇಂಗ್ಲಿಷಿನಲ್ಲಿ ಹೇಳಿದಾಗ ಮಾರ್ಲೀನ್ ಬಹಳ ಹೊತ್ತು ನಕ್ಕರು. ಆಮೇಲೆ ಇನ್ನೊಂದು ಸಂಗತಿ ಹೇಳಿದರು. ಅಟ್ಲಾಂಟಾದಲ್ಲಿರುವ ಮಗಳಿಗೆ ದಿನ ತುಂಬುತ್ತಿದೆ, ಈ ವಾರ ಕಳೆದರೆ ಅಲ್ಲಿಗೆ ಹೊರಡುತ್ತಾರೆ, ಕೆಲವು ತಿಂಗಳು ಅಲ್ಲೇ. ಅಂದರೆ ಬಾಣಂತನ. ಗೀತಾಳ ಮುಖ ಸಣ್ಣದಾಯಿತು.

ನಾನು ಅಲ್ಲೇ ತೀರ್ಮಾನ ಮಾಡಿದೆ. ಇಡೀ ದಿನದಲ್ಲಿ ಅವಳ ಹೊಟ್ಟೆಗೆ ಬೀಳುತ್ತಿರುವುದು ಇದೊಂದೇ ಆದರೆ, ಇದನ್ನು ನಾನೇ ಮಾಡುತ್ತೇನೆ. ತೆಂಗಿನಕಾಯಿಯ ವಿಷಯದಲ್ಲಿ ತಿಪಟೂರಿನವನಿಗೆ ಯಾರೂ ಪಾಠ ಹೇಳಬೇಕಾಗಿಲ್ಲ ಎಂಬ ಧೈರ್ಯ ಬೇರೆ.

ಸೆಂಟರ್‌ವಿಲ್

ಒಳ್ಳೆಯ ಕಾಯಿ ಸೆಂಟರ್‌ವಿಲ್‌ನ ದೊಡ್ಡ ಅಂಗಡಿಯಲ್ಲಿ ಸಿಗುತ್ತದೆಂದು ಸುರೇಶ ಕರೆದುಕೊಂಡು ಹೋದ. ಅಲ್ಲಿ ಕಾಯಿಗಳ ರಾಶಿ ಕಂಡದ್ದೇ ನನ್ನ ಎದೆ ಉಬ್ಬಿತು. ಒಂದೊಂದನ್ನೇ ಕಿವಿಯ ಹತ್ತಿರ ಹಿಡಿದು ಅಲ್ಲಾಡಿಸಿದೆ, ಬೆರಳ ಗೆಣ್ಣಿನಿಂದ ತಟ್ಟಿದೆ, ಕಣ್ಣಿನ ಭಾಗ ಒತ್ತಿ ನೋಡಿದೆ. ಸುತ್ತಲಿನವರು ತಳ್ಳುಗಾಡಿ ನಿಲ್ಲಿಸಿ ನೋಡತೊಡಗಿದರು. ಕೊರಿಯಾದ ಅಜ್ಜಿಯೊಬ್ಬರು ತಮಗೂ ಒಂದು ಆರಿಸಿಕೊಡಿ ಎಂದು ಸನ್ನೆ ಮಾಡಿದರು. ಆರಿಸಿಕೊಟ್ಟು, ದೊಡ್ಡ ಮನುಷ್ಯನ ಹಾಗೆ ತಲೆಯಾಡಿಸಿದೆ.

ಮನೆಗೆ ಬಂದು ಒಡೆದರೆ ಮೊದಲನೆಯದು ಕೆಟ್ಟಿತ್ತು. ಎರಡನೆಯದೂ, ಮೂರನೆಯದೂ. ಯಾವ ಸಮುದ್ರ ದಾಟಿ, ಯಾವ ಗೋದಾಮಿನಲ್ಲಿ ಎಷ್ಟು ತಿಂಗಳು ಕೂತಿದ್ದವೋ. ನಮ್ಮೂರಿನ ಕಾಯಿ ತಟ್ಟಿದರೆ ನಿಜ ಹೇಳುತ್ತದೆ, ಇವು ಚೆನ್ನಾಗಿ ಸುಳ್ಳು ಕಲಿತಿದ್ದವು. ಆ ಅಜ್ಜಿ ನನ್ನನ್ನು ಎಷ್ಟು ಬೈದುಕೊಂಡರೋ ತಿಳಿಯದು. ಕೊನೆಗೆ ಸುರೇಶ ಇಂಡಿಯನ್ ಅಂಗಡಿಯಿಂದ ಹಿಮಗಟ್ಟಿದ ತೆಂಗಿನ ತುರಿಯ ಪ್ಯಾಕೆಟ್ ತಂದ. ಮಂಡಿಯ ಯಜಮಾನ ಪ್ಯಾಕೆಟ್ ತುರಿ ಬಳಸಿದ ಸುದ್ದಿ ಊರಿಗೆ ಮುಟ್ಟಬಾರದೆಂದು ಅವನಿಂದ ಮಾತು ತೆಗೆದುಕೊಂಡೆ.

ಮತ್ತೆ ಆಶ್‌ಬರ್ನ್

ಮಾರ್ಲೀನ್ ಹೇಳಿದಂತೆ, ಹಿಟ್ಟು ಕಲಸುವ ಮೊದಲು ಓವನ್ ಕಾಯಲು ಬಿಟ್ಟೆ. ಗುಂಡಿ ತಿರುಗಿಸುವುದು ಯಾವ ಮಹಾ ವಿದ್ಯೆ? ಮೈದಾಕ್ಕೆ ಬೆಣ್ಣೆ ಹಾಕಿ ಉಜ್ಜುತ್ತಿದ್ದಾಗ ಸುಟ್ಟ ವಾಸನೆ ಬಂತು. ಅಷ್ಟರಲ್ಲಿ ಕರಿ ಹೊಗೆ, ಸೂರಿನಲ್ಲಿದ್ದ ಅಲಾರಮ್ಮಿನ ಕಿವಿಗಡಚಿಕ್ಕುವ ಚೀರಾಟ. ಸುರೇಶ ಮಹಡಿಯಿಂದ ಓಡಿ ಬಂದ.

"ಭಾವ, ಓವನ್ ಆನ್ ಮಾಡಿದ್ರಾ? ಒಳಗೆ ಪಾತ್ರೆ ಇದಾವೆ!"

ಅಮೆರಿಕದ ನಮ್ಮ ಮನೆಗಳ ದೊಡ್ಡ ಗುಟ್ಟು ನನಗೆ ತಿಳಿದದ್ದು ಹೀಗೆ. ನಮ್ಮವರಿಗೆ ಓವನ್ ಎಂದರೆ ಪಾತ್ರೆ ಇಡುವ ಕಪಾಟು. ಬಾಣಲೆ, ದೋಸೆ ಕಾವಲಿ, ಕುಕ್ಕರಿನ ಮುಚ್ಚಳ, ಎಲ್ಲಕ್ಕೂ ಅಲ್ಲೇ ಜಾಗ. ಆ ಮನೆಗೆ ಬಂದಾಗಿನಿಂದ ಅದನ್ನು ಯಾರೂ ಹಚ್ಚಿರಲಿಲ್ಲವಂತೆ. ಬಾಣಲೆಯ ಪ್ಲಾಸ್ಟಿಕ್ ಹಿಡಿ ಕರಗಿ ಜೋತುಬಿದ್ದಿತ್ತು, ಅಕ್ಕಿ ಸೋಸುವ ಪ್ಲಾಸ್ಟಿಕ್ ಜರಡಿ ಇದ್ದ ಗುರುತೂ ಉಳಿದಿರಲಿಲ್ಲ. ಸುರೇಶ ಟವೆಲಿನಿಂದ ಅಲಾರಮ್ಮಿಗೆ ಗಾಳಿ ಬೀಸುತ್ತ ಕುಣಿಯುತ್ತಿದ್ದ, ನಾನು ಮೈದಾದ ಕೈಯಲ್ಲಿ ಕಿಟಕಿ ತೆರೆಯಲು ಒದ್ದಾಡುತ್ತಿದ್ದೆ. ಸೋಫಾದ ಮೇಲೆ ಗೀತಾ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದಳು. ನಾನು ಬಂದ ಮೇಲೆ ಅವಳು ನಕ್ಕದ್ದು ಅದೇ ಮೊದಲು. ಇನ್ನೂ ನಾಲ್ಕು ಜರಡಿ ಕರಗಿದ್ದರೂ ನನಗೆ ಬೇಸರವಾಗುತ್ತಿರಲಿಲ್ಲ.

ಗದ್ದಲ ಕೇಳಿ ಬಂದ ಮಾರ್ಲೀನ್ ಕರಗಿದ ಬಾಣಲೆ ನೋಡಿದರು, ನನ್ನನ್ನು ನೋಡಿದರು, ಕೋಟು ಕಳಚಿ ತೋಳು ಮಡಚಿದರು. ಓವನ್ ಆರಿಸಿ, ಉಜ್ಜಿ ಶುಚಿ ಮಾಡಿಸಿ, ಮತ್ತೆ ಮೊದಲಿನಿಂದ ಶುರು. ಬೆಣ್ಣೆಯನ್ನು ಬೆರಳ ತುದಿಯಲ್ಲಿ ಹಿಟ್ಟಿಗೆ ಉಜ್ಜಬೇಕು. ತೆಂಗಿನ ಹಾಲು ಹಾಕಿ, ಹಿಟ್ಟು ಒಂದುಗೂಡಿತು ಎಂದ ಕೂಡಲೇ ಕೈ ತೆಗೆಯಬೇಕು. ತಟ್ಟಿ, ಬೆರಳಗಲ ದಪ್ಪ ಬಿಟ್ಟು, ಫೋರ್ಕಿನಿಂದ ಅಲ್ಲಲ್ಲಿ ಚುಚ್ಚಿ ಒಳಗಿಡಬೇಕು. ಆ ದಿನದ ಬ್ರೆಡ್ಡು ಬಂಗಾರದ ಬಣ್ಣಕ್ಕೆ ತಿರುಗಿ ಬಂತು. ಗೀತಾ ಅವರೊಡನೆ ಹರಟುತ್ತ ಒಂದು ತುಂಡು ತಿಂದಳು. ಎರಡು ದಿನ ಕಳೆದು ಮಾರ್ಲೀನ್ ಅಟ್ಲಾಂಟಾಕ್ಕೆ ಹೊರಟರು.

ನಾನು ಒಬ್ಬನೇ ಮಾಡಿದ ಮೊದಲ ಬ್ರೆಡ್ಡಿಗೆ ಶಾಂತಾ ಫೋನಿನಲ್ಲೇ ಸೇರಿಕೊಂಡಳು. ಚಪಾತಿ ಹಿಟ್ಟಿನ ಹಾಗೆ ಚೆನ್ನಾಗಿ ನಾದಿ, ನಾದಿದಷ್ಟೂ ಮೆತ್ತಗೆ ಎಂದಳು. ತೋಳು ನೋಯುವ ತನಕ ನಾದಿದೆ. ಬಂದದ್ದು ಮಣೆ, ಅದರ ಮೇಲೆ ಕೂತು ಊಟ ಮಾಡಬಹುದಿತ್ತು. ಮರುದಿನ ಮಾರ್ಲೀನ್ ಮಾತಿನಂತೆ ಬೇಗ ಕೈ ತೆಗೆದೆ. ಒಳಗೆ ಪದರ, ಹೊರಗೆ ಗರಿ, ಮನೆ ತುಂಬ ಕಾಯಿ ಹುರಿದ ಪರಿಮಳ. ಇಷ್ಟು ಚೆಂದದ ಪದಾರ್ಥ ನನ್ನ ಕೈಯಿಂದ ಹುಟ್ಟಿತೆಂದು ನಂಬಲು ನನಗೇ ಕಷ್ಟವಾಯಿತು. ಬೆಣ್ಣೆ ಹಚ್ಚಿ ಗೀತಾಳ ಮುಂದಿಟ್ಟು, ಕುರ್ಚಿ ಎಳೆದು ಕೂತೆ. ಅವಳು ಒಂದು ಚೂರು ಮುರಿದು ಬಾಯಿಗಿಟ್ಟು, ಬಹಳ ಹೊತ್ತು ಅಗಿದು, ಚೆನ್ನಾಗಿದೆ ಅಣ್ಣ ಎಂದಳು. ತಟ್ಟೆ ಸರಿಸಿದಳು.

ಮತ್ತೆ ಮಾಡಿದೆ. ಸಕ್ಕರೆ ಹೆಚ್ಚು ಮಾಡಿದೆ, ಕಡಿಮೆ ಮಾಡಿದೆ. ಆದದ್ದು ಅಷ್ಟೇ. ಬ್ರೆಡ್ಡಿನಲ್ಲಿ ದೋಷ ಸಿಗಲಿಲ್ಲ, ಸುರೇಶ ಉಳಿದದ್ದನ್ನೆಲ್ಲ ಚಪ್ಪರಿಸಿ ಮುಗಿಸುತ್ತಿದ್ದ. ತಪಾಸಣೆಯ ದಿನ ತೂಕ ಇನ್ನೂ ಇಳಿದಿತ್ತು. ಮುಂದಿನ ಕೀಮೋವನ್ನು ಡಾಕ್ಟರು ಮುಂದೂಡಿದರು. ಕಾರು ನಿಲ್ಲಿಸಿದ್ದಲ್ಲಿಗೆ ಬಂದ ಸುರೇಶ ಬೀಗದ ಕೈ ಹಿಡಿದು ಸುಮ್ಮನೆ ನಿಂತುಬಿಟ್ಟ.

ಕೆರೊಲಿನಾಗಳನ್ನು ದಾಟಿ

ಅಟ್ಲಾಂಟಾದ ದೊಡ್ಡ ಆಸ್ಪತ್ರೆಯೊಂದರಲ್ಲಿ ಇನ್ನೊಬ್ಬ ಡಾಕ್ಟರ ಅಭಿಪ್ರಾಯ ಕೇಳುವುದೆಂದು ಸುರೇಶ ಏರ್ಪಾಡು ಮಾಡಿದ. ವಿಮಾನದಲ್ಲಿ ಸೋಂಕಿನ ಭಯ, ಆದ್ದರಿಂದ ಕಾರು. ಹಿಂದಿನ ಸೀಟಿನಲ್ಲಿ ದಿಂಬುಗಳ ನಡುವೆ ಗೀತಾ. ದಕ್ಷಿಣಕ್ಕೆ ಇಳಿದಂತೆ ನನ್ನ ಮೈಮೇಲಿನ ಸ್ವೆಟರುಗಳು ಒಂದೊಂದಾಗಿ ಕಳಚಿದವು. ಪೈನ್ ಮರಗಳ ಕಾಡು ಮುಗಿಯುವುದೇ ಇಲ್ಲ. ರಸ್ತೆಗಾಗಿ ಕಡಿದ ದಿಬ್ಬಗಳಲ್ಲಿ ಕೆಂಪು ಮಣ್ಣು ಕಂಡಾಗ, ನಮ್ಮ ಕಡೆಯ ಮಣ್ಣು ನೋಡು ಎಂದು ಗೀತಾಳನ್ನು ಎಬ್ಬಿಸಿದೆ. ಅವಳು ನೋಡಿ ಮತ್ತೆ ಕಣ್ಣು ಮುಚ್ಚಿದಳು.

ಶಾರ್ಲೆಟ್ ಹತ್ತಿರದ ಹೋಟೆಲಿನಲ್ಲಿ ರಾತ್ರಿ ಉಳಿದು, ಬೆಳಿಗ್ಗೆ ತಿಂಡಿಗೆ ಕೂತೆವು. ಆ ಕಡೆಯವರು ಎಲ್ಲರನ್ನೂ ಹನೀ ಎಂದು ಕರೆಯುತ್ತಾರೆ. ಅರವತ್ತು ದಾಟಿದ ನನ್ನನ್ನೂ ಬಡಿಸುವ ಹುಡುಗಿ ಹಾಗೆ ಕರೆದಾಗ ಕಿವಿ ಬಿಸಿಯಾಯಿತು. ಬಿಳಿ ಮೆಕ್ಕೆಜೋಳದ ತರಿಯ ಗಂಜಿ ತಂದಿಟ್ಟಳು, ಅದಕ್ಕೆ ಗ್ರಿಟ್ಸ್ ಎನ್ನುತ್ತಾರೆ. ನೋಡಲು ಒಗ್ಗರಣೆ ಮರೆತ ಉಪ್ಪಿಟ್ಟು. ಗೀತಾ ಚಮಚ ಎತ್ತಿದಳು. ಸುರೇಶ ತನ್ನ ಚಮಚ ಕೆಳಗಿಟ್ಟ, ನಾನೂ ಇಟ್ಟೆ, ಇಬ್ಬರೂ ಅವಳನ್ನೇ ನೋಡಿದೆವು. ಸ್ವಲ್ಪ ನುಂಗಿ, ಸಾಕು ಎಂದಳು.

ಅಟ್ಲಾಂಟಾ

ಅಲ್ಲಿನ ಡಾಕ್ಟರು ಫೈಲನ್ನೆಲ್ಲ ನೋಡಿ, ನಡೆಯುತ್ತಿರುವ ಚಿಕಿತ್ಸೆ ಸರಿಯಾಗಿಯೇ ಇದೆ, ಅದನ್ನು ತಾಳಿಕೊಳ್ಳಲು ದೇಹಕ್ಕೆ ಬೇಕಾದದ್ದು ಅನ್ನ ಎಂದರು. ಅಷ್ಟು ದೂರ ಹೋಗಿ ಕೇಳಿದ್ದು ನಮಗೆ ಗೊತ್ತಿದ್ದ ಮಾತನ್ನೇ.

ಆಸ್ಪತ್ರೆಯಿಂದ ಮಾರ್ಲೀನ್ ಮಗಳ ಮನೆಗೆ ಹೋದೆವು. ಕೂಸಿಗೆ ಸೋಂಕು ತಗಲಬಾರದು, ಗೀತಾಳಿಗೂ ತಗಲಬಾರದು ಎಂದು ತಾಯಿ ಮಗು ಮಹಡಿಯಲ್ಲೇ ಉಳಿದಿದ್ದರು. ಅಡುಗೆಮನೆಯಲ್ಲಿ ಬ್ರೆಡ್ಡು ಆಗಲೇ ಬೆಂದಿತ್ತು. ಮಾರ್ಲೀನ್ ಅದನ್ನು ಮೇಜಿನ ಮೇಲಿಟ್ಟು ಒಂದು ಬಟ್ಟೆ ಮುಚ್ಚಿದರು, ಪಕ್ಕದಲ್ಲಿ ಬೆಣ್ಣೆ ಇಟ್ಟರು. ತಿನ್ನಿ ಎನ್ನಲಿಲ್ಲ. ಸಿಂಕಿನ ಕಡೆ ತಿರುಗಿ ಪಾತ್ರೆ ತೊಳೆಯುತ್ತ, ಅಳಿಯ ಕೂಸನ್ನು ಎತ್ತಿಕೊಳ್ಳುವ ರೀತಿಯನ್ನು ಆಡಿಕೊಳ್ಳತೊಡಗಿದರು. ಗೀತಾ ಬಟ್ಟೆ ಸರಿಸಿ ಒಂದು ತುಂಡು ಮುರಿದಳು. ನಾನು ಅಭ್ಯಾಸದಂತೆ ಕುರ್ಚಿ ಎಳೆದುಕೊಂಡು ಎದುರಿಗೆ ಕೂತೆ. ಅವಳ ಕೈ ನಿಂತಿತು.

ಮಾರ್ಲೀನ್‌ಗೆ ಹೇಗೆ ಗೊತ್ತಾಯಿತೋ, ಕೈ ಒರೆಸಿಕೊಂಡು ಬಂದು ನನ್ನ ಮಡಿಲಿಗೆ ಒಂದು ಬುಟ್ಟಿ ಹಸಿ ತೊಗರಿಕಾಯಿ ಇಟ್ಟು, ಕುರ್ಚಿಯನ್ನು ಕಿಟಕಿಯ ಕಡೆ ತಿರುಗಿಸಿ, ಬ್ರದರ್, ಇದನ್ನು ಸುಲಿದುಕೊಡಿ ಎಂದರು. ಟ್ರಿನಿಡಾಡಿನವರಿಗೂ ನಮ್ಮ ಹಾಗೇ ಹಸಿ ತೊಗರಿ ಎಂದರೆ ಪ್ರಾಣ. ಗೀತಾಳಿಗೆ ಬೆನ್ನು ಹಾಕಿ ಕೂತು ಸುಲಿದೆ. ಸುರೇಶನಿಗೂ ಅರ್ಧ ಬುಟ್ಟಿ ಸಿಕ್ಕಿತು. ಹಿಂದೆ ಹೆಂಗಸರಿಬ್ಬರ ಮಾತು ನಡೆದೇ ಇತ್ತು. ಬುಟ್ಟಿ ಮುಗಿಸಿ ತಿರುಗಿದಾಗ ತಟ್ಟೆಯಲ್ಲಿ ಚೂರುಗಳು ಮಾತ್ರ ಇದ್ದವು.

ಆ ಸಂಜೆ ಮಾರ್ಲೀನ್ ಮಗಳ ಮನೆಯ ಮುಂದಿನ ಮೆಟ್ಟಿಲ ಮೇಲೆ ಅಣ್ಣತಂಗಿ ಇಬ್ಬರೇ ಕೂತಿದ್ದೆವು. ನನ್ನ ಬ್ರೆಡ್ಡಿನಲ್ಲಿ ಏನು ಕಡಿಮೆಯಾಗಿತ್ತು, ಇವರದರಲ್ಲಿ ಏನು ಹೆಚ್ಚಿತ್ತು, ನಿಜ ಹೇಳು ಎಂದು ಕೇಳಿದೆ. ಅವಳು ಟೋಪಿ ಸರಿಮಾಡಿಕೊಂಡಳು.

"ಬ್ರೆಡ್ ಅಲ್ಲ ಕಣಣ್ಣ. ನೀನು ನನ್ನ ಬಾಯನ್ನೇ ನೋಡ್ತಾ ಕೂತ್ಕೋತೀಯ. ಸುರೇಶೂ ಅಷ್ಟೇ, ಬಂದೋರೆಲ್ಲ ಅಷ್ಟೇ. ನಾನು ನುಂಗಿದ್ರೆ ನಿಮ್ಮ ಮುಖ ಅರಳತ್ತೆ, ಬಿಟ್ರೆ ಬಾಡತ್ತೆ. ಒಂದೊಂದು ತುತ್ತೂ ಎಕ್ಸಾಮ್ ಬರ್ದಂಗೆ ಫೀಲ್ ಆಗತ್ತೆ. ಮಾರ್ಲೀನ್ ಮನೇಲಿ ಯಾರೂ ನನ್ನ ನೋಡಲ್ಲ."

ಮೊದಲು ಸಿಟ್ಟು ಬಂತು. ಅಕ್ಕರೆಯಿಂದ ನೋಡಿದ್ದೂ ತಪ್ಪೇ ಎಂದುಕೊಂಡೆ. ಸ್ವಲ್ಪ ಹೊತ್ತಿಗೆ ಸಿಟ್ಟು ಇಳಿದು ಕಣ್ಣು ತುಂಬಿತು. ಇಷ್ಟು ದಿನ ಈ ಹುಡುಗಿ ತನ್ನ ಕಾಯಿಲೆಯ ಜೊತೆಗೆ ನಮ್ಮ ಮುಖಗಳನ್ನೂ ಹೊತ್ತುಕೊಂಡಿದ್ದಳಲ್ಲ. ಅದನ್ನು ಅವಳ ಮೇಲಿಂದ ಇಳಿಸಿದವರು ರಕ್ತಸಂಬಂಧವಿಲ್ಲದ, ಭಾಷೆ ಬೇರೆಯಾದ ಒಬ್ಬ ಹೆಂಗಸು, ಅದೂ ಏನೂ ಮಾಡದೆ, ಸುಮ್ಮನೆ ಬೆನ್ನು ತಿರುಗಿಸಿ. ಮಾರ್ಲೀನ್‌ಗೆ ಥ್ಯಾಂಕ್ಸ್ ಹೇಳಬೇಕೆಂದು ಒಳಗೆ ಹೋದೆ. ನನ್ನ ಇಂಗ್ಲಿಷು ಅಷ್ಟು ದೂರ ಬರಲಿಲ್ಲ, ಕೈ ಮುಗಿದೆ. ಅವರೂ ಕೈ ಮುಗಿದರು. ನಾಳೆ ದಾರಿಗೆ ಬ್ರೆಡ್ಡು ನೀವೇ ಮಾಡಿ ಎಂದು ಮೈದಾದ ಡಬ್ಬಿ ತೋರಿಸಿದರು.

ಮರಳುವ ದಾರಿ

ದಕ್ಷಿಣ ಕೆರೊಲಿನಾದಲ್ಲಿ, ಹೆದ್ದಾರಿಯ ಪಕ್ಕ ಪ್ರಯಾಣಿಕರಿಗಾಗಿ ಮಾಡಿದ ತಂಗುದಾಣವೊಂದರಲ್ಲಿ ಮಧ್ಯಾಹ್ನ ಕಾರು ನಿಲ್ಲಿಸಿದೆವು. ಪೈನ್ ಮರಗಳ ಕೆಳಗೆ ಮರದ ಮೇಜು, ಬೆಂಚು. ಬಿಸಿಲು ಹಿತವಾಗಿತ್ತು. ನಾನು ಮಾಡಿದ ಬ್ರೆಡ್ಡನ್ನು ಗೀತಾಳ ಮುಂದಿಟ್ಟು ಬಟ್ಟೆ ಮುಚ್ಚಿದೆ. ಸುರೇಶ ಎದುರಿನ ಬೆಂಚಿಗೆ ಕಾಲು ಹಾಕುತ್ತಿದ್ದ. ಅವನ ತೋಳು ಹಿಡಿದು, ಬನ್ನಿ ಸುರೇಶ, ಆ ಲಾರಿ ನೋಡೋಣ ಎಂದು ಎಳೆದುಕೊಂಡು ಹೋದೆ. ಲಾರಿಯಲ್ಲಿ ನೋಡುವಂಥದ್ದು ಏನೂ ಇರಲಿಲ್ಲ. ಚಕ್ರ ಎಣಿಸಿದೆವು, ನಂಬರ್ ಪ್ಲೇಟು ಓದಿದೆವು. ಸುರೇಶ ಎರಡು ಸಲ ಕತ್ತು ತಿರುಗಿಸಲು ಹೋದ, ಎರಡು ಸಲವೂ ಅವನ ಹೆಗಲ ಮೇಲೆ ಕೈಯಿಟ್ಟೆ. ತಿರುಗಬಾರದೆಂದು ನನಗೆ ನಾನೇ ಹೇಳಿಕೊಳ್ಳಬೇಕಾಗಿತ್ತು, ಅದು ಇನ್ನೂ ಕಷ್ಟ. ಹಿಂದೆ ಏನೂ ಸದ್ದಿಲ್ಲ, ಹೆದ್ದಾರಿಯ ಮೊರೆತ ಮಾತ್ರ.

ಆಮೇಲೆ ಗೀತಾಳ ದನಿ ಬಂತು. ತಿಪಟೂರಿನ ಮನೆಯಲ್ಲಿ ಸ್ಕೂಲಿನಿಂದ ಬಂದು ಎಲ್ಲರ ಮೇಲೂ ರೇಗುತ್ತಿದ್ದಳಲ್ಲ, ಅದೇ ದನಿ.

"ಅಣ್ಣಾ, ಬೆಣ್ಣೆ ಎಲ್ಲಿಟ್ಟಿದೀಯ? ಬರೀ ಬ್ರೆಡ್ ಇಟ್ಟು ಹೋದ್ರೆ ಹೇಗೆ ತಿನ್ಲಿ?"

ಕಾರಿನ ಹಿಂದಿನ ಡಬ್ಬಿಯಲ್ಲಿದೆ, ನೀನೇ ತಗೋ ಎಂದು ಲಾರಿಯ ಕಡೆಗೇ ಮುಖ ಮಾಡಿ ಹೇಳಿದೆ. ತಿರುಗಿ ನೋಡುವ ಸ್ಥಿತಿಯಲ್ಲಿ ನಾನೂ ಇರಲಿಲ್ಲ, ಸುರೇಶನೂ ಇರಲಿಲ್ಲ.